ಅಲ್ಲಿ ರೈ, ಇಲ್ಲಿ ರಾಜ್: ಒಬ್ಬ ಪೋಷಕ ನಟನ ಐದು ಭಾಷೆಗಳ ಪಯಣ



ಹೈದರಾಬಾದಿನಲ್ಲಿರುವ ನಮ್ಮ ಕನ್ನಡದ ಮನೆಗಳಲ್ಲಿ ಆಗಾಗ ನಡೆಯುವ ಒಂದು ಸಣ್ಣ ಜಗಳ ನಿಮಗೂ ಗೊತ್ತಿರಬಹುದು. ಭಾನುವಾರ ಮಧ್ಯಾಹ್ನ ಟಿ.ವಿ.ಯಲ್ಲಿ ತೆಲುಗು ಸಿನಿಮಾ ಬರುತ್ತಿರುತ್ತದೆ. ಪರದೆಯ ಮೇಲೆ ಒಬ್ಬ ನಟ ಬಂದು ನಿಲ್ಲುತ್ತಾರೆ. ಪಕ್ಕದ ಮನೆಯವರು "ಮನ ಪ್ರಕಾಶ್ ರಾಜ್" ಅನ್ನುತ್ತಾರೆ. ಒಳಗಿನಿಂದ ಅಜ್ಜಿ "ರಾಜ್ ಅಲ್ಲಪ್ಪ, ರೈ. ಅವರು ನಮ್ಮವರು" ಎಂದು ತಿದ್ದುತ್ತಾರೆ. ಇಬ್ಬರ ಮಾತೂ ಸರಿ. ಅದು ಹೇಗೆ ಎಂಬುದೇ ಈ ಸಂಚಿಕೆಯ ಲೇಖನ.

ನಮ್ಮ ಕಾರ್ಯಕ್ರಮದಲ್ಲಿ ನಾಯಕ ನಟರ ಹುಟ್ಟುಹಬ್ಬ, ನಾಯಕಿಯರ ಹಾಡುಗಳು, ಗಾಯಕರ ನೆನಪು ಎಲ್ಲವೂ ಬರುತ್ತವೆ. ನಾಯಕನ ಪಕ್ಕದಲ್ಲಿ, ಎದುರಿನಲ್ಲಿ, ಹಿಂದೆ ನಿಲ್ಲುವವರ ಬಗ್ಗೆ ಮಾತು ಬರುವುದು ಅಪರೂಪ. ಆದ್ದರಿಂದ ಈ ಸಲ ಒಬ್ಬ ಪೋಷಕ ನಟರ ವೃತ್ತಿ ಹೇಗೆ ನಡೆಯುತ್ತದೆ, ಅದರಲ್ಲಿ ಏನು ಸಿಗುತ್ತದೆ, ಏನು ಕೈ ತಪ್ಪುತ್ತದೆ ಎಂದು ನೋಡೋಣ. ಉದಾಹರಣೆ ನಮ್ಮ ಊರಿನಲ್ಲೇ ಇದೆ.

ಪೋಷಕ ನಟ ಅಂದರೆ ಯಾರು?

ಸಿನಿಮಾದ ಕಥೆ ನಾಯಕನದು. ಆದರೆ ಆ ಕಥೆಗೆ ಅಪ್ಪ ಬೇಕು, ಮೇಷ್ಟ್ರು ಬೇಕು, ಸಾಲ ಕೊಟ್ಟವನು ಬೇಕು, ಊರಿನ ಗೌಡ ಬೇಕು, ಪೊಲೀಸ್ ಅಧಿಕಾರಿ ಬೇಕು, ಮುಖ್ಯವಾಗಿ ಎದುರಾಳಿ ಬೇಕು. ಇವರನ್ನೆಲ್ಲ ನಂಬುವಂತೆ ಮಾಡುವವರೇ ಪೋಷಕ ನಟರು. ಕಥೆಗೆ ಪೋಷಣೆ ಕೊಡುವವರು ಎಂಬ ಅರ್ಥ ಆ ಪದದಲ್ಲೇ ಇದೆ.

ಕನ್ನಡಕ್ಕೆ ಇದು ಹೊಸದಲ್ಲ. 1972ರ 'ನಾಗರಹಾವು' ನೆನಪಿಸಿಕೊಳ್ಳಿ. ರಾಮಾಚಾರಿಯಾಗಿ ವಿಷ್ಣುವರ್ಧನ್ ಎಷ್ಟು ನೆನಪಾಗುತ್ತಾರೋ, ಚಾಮಯ್ಯ ಮೇಷ್ಟ್ರಾಗಿ ಕೆ. ಎಸ್. ಅಶ್ವಥ್ ಕೂಡ ಅಷ್ಟೇ ನೆನಪಾಗುತ್ತಾರೆ. ಮೇಷ್ಟ್ರು ಇಲ್ಲದಿದ್ದರೆ ರಾಮಾಚಾರಿಯ ಸಿಟ್ಟಿಗೆ ಎದುರಾಗಿ ನಿಲ್ಲುವ ಪ್ರೀತಿಯೇ ಇರುತ್ತಿರಲಿಲ್ಲ. ಬಾಲಕೃಷ್ಣ, ನರಸಿಂಹರಾಜು, ವಜ್ರಮುನಿ, ತೂಗುದೀಪ ಶ್ರೀನಿವಾಸ್, ಲೀಲಾವತಿ ಹೀಗೆ ಪಟ್ಟಿ ಬೆಳೆಯುತ್ತದೆ. ಭಟ್ಕಳದಲ್ಲಿ ಹುಟ್ಟಿದ ಪಂಡರೀಬಾಯಿಯವರು 1954ರ 'ಬೇಡರ ಕಣ್ಣಪ್ಪ'ದಲ್ಲಿ ರಾಜ್‌ಕುಮಾರ್ ಅವರ ಜೊತೆಗೆ ನಾಯಕಿ. ಮುಂದೆ ದಕ್ಷಿಣದ ಹಲವು ಭಾಷೆಗಳ ನಾಯಕರಿಗೆ ತಾಯಿ. 1992ರ ತಮಿಳಿನ 'ಮನ್ನನ್' ಚಿತ್ರದಲ್ಲಿ ರಜನೀಕಾಂತ್ ಅವರ ತಾಯಿಯಾಗಿ ಅವರನ್ನು ನೋಡಿದವರು ಮರೆತಿರಲಾರರು.

ಹೊರದೇಶದಲ್ಲೂ ಇದೇ ಕಥೆ. ಬ್ರಿಟನ್ನಿನ ಡೆನ್‌ಹೋಮ್ ಎಲಿಯಟ್ ಅಂದರೆ ನಮ್ಮಲ್ಲಿ ಹೆಚ್ಚು ಜನಕ್ಕೆ ತಿಳಿಯಲಿಕ್ಕಿಲ್ಲ. 'ಇಂಡಿಯಾನಾ ಜೋನ್ಸ್' ಚಿತ್ರಗಳಲ್ಲಿ ನಾಯಕನ ಗೆಳೆಯನಾಗಿ ಬರುವ ಮ್ಯೂಸಿಯಂ ಅಧಿಕಾರಿ ಅಂದರೆ "ಓ, ಅವರಾ!" ಅನ್ನುತ್ತೀರಿ. 1980ರ ದಶಕದಲ್ಲಿ ಅವರು ಸತತ ಮೂರು ವರ್ಷ ಬ್ರಿಟಿಷ್ ಅಕಾಡೆಮಿಯ ಪೋಷಕ ನಟ ಪ್ರಶಸ್ತಿ ಪಡೆದರು. ಮುಖ ಎಲ್ಲರಿಗೂ ಗೊತ್ತು, ಹೆಸರು ಕೆಲವರಿಗೆ ಮಾತ್ರ ಗೊತ್ತು. ಪೋಷಕ ನಟರ ಬದುಕು ಸಾಮಾನ್ಯವಾಗಿ ಹೀಗೇ. ನಮ್ಮ ದೇಶದ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲೂ ಪೋಷಕ ನಟರಿಗೆಂದು ಬೇರೆ ಪ್ರಶಸ್ತಿ ಶುರುವಾದದ್ದು 1984ರ ಸಾಲಿನಿಂದ.

ಈ ನಿಯಮಕ್ಕೆ ದೊಡ್ಡ ಅಪವಾದ ಪ್ರಕಾಶ್ ರೈ. ಅವರ ಮುಖವೂ ಗೊತ್ತು, ಹೆಸರೂ ಗೊತ್ತು. ಒಂದಲ್ಲ, ಎರಡು ಹೆಸರು!

ಕಲಾಕ್ಷೇತ್ರದ ಹುಡುಗ

ಪ್ರಕಾಶ್ ರೈ ಹುಟ್ಟಿದ್ದು 1965ರ ಮಾರ್ಚ್ 26ರಂದು, ಬೆಂಗಳೂರಿನಲ್ಲಿ. ತಂದೆಯ ಕಡೆ ತುಳುನಾಡು. ಅಂದರೆ ತುಳು ಮತ್ತು ಕನ್ನಡ ಎರಡೂ ಹುಟ್ಟಿನಿಂದಲೇ ಕಿವಿಗೆ ಬಿದ್ದ ಭಾಷೆಗಳು. ಅಭಿನಯದ ಪಾಠ ಆದದ್ದು ಬೆಂಗಳೂರಿನ ರಂಗಭೂಮಿಯಲ್ಲಿ. ರವೀಂದ್ರ ಕಲಾಕ್ಷೇತ್ರದ ಸುತ್ತ ಆಗ ನಾಟಕದವರ ದೊಡ್ಡ ಬಳಗವೇ ಇತ್ತು. ಬೀದಿ ನಾಟಕಗಳೂ ಜೋರಾಗಿದ್ದವು. ಬೀದಿ ನಾಟಕದಲ್ಲಿ ಮೈಕ್ ಇಲ್ಲ, ಲೈಟ್ ಇಲ್ಲ, ಪರದೆ ಇಲ್ಲ. ಬಸ್ಸಿನ ಹಾರ್ನ್ ನಡುವೆ, ಕಡಲೆಕಾಯಿ ಮಾರುವವನ ಕೂಗಿನ ನಡುವೆ ನಿಂತ ಜನರನ್ನು ದನಿಯಿಂದಲೇ ಹಿಡಿದಿಡಬೇಕು. ಆ ದನಿಯೇ ಮುಂದೆ ಅವರ ಬಂಡವಾಳವಾಯಿತು.

ನಂತರ ದೂರದರ್ಶನದ ಧಾರಾವಾಹಿಗಳು ಬಂದವು. ಸದಾನಂದ ಸುವರ್ಣ ನಿರ್ದೇಶಿಸಿದ 'ಗುಡ್ಡದ ಭೂತ'ವನ್ನು ನಮ್ಮ ಕರಾವಳಿಯ ಕೇಳುಗರು ಇಂದಿಗೂ ನೆನಪಿಸಿಕೊಳ್ಳುತ್ತಾರೆ. ಸಿನಿಮಾದಲ್ಲಿ ಮೊದಲು ಸಿಕ್ಕಿದ್ದು ಸಣ್ಣ ಸಣ್ಣ ಪಾತ್ರಗಳು. 1988ರ 'ಮಿಥಿಲೆಯ ಸೀತೆಯರು', 1991ರ 'ರಾಮಾಚಾರಿ' ಇಂಥವು. ಗಮನ ಸೆಳೆದದ್ದು 1992ರ 'ಹರಕೆಯ ಕುರಿ'. ಚಂದ್ರಶೇಖರ ಕಂಬಾರರ ನಾಟಕವನ್ನು ಆಧರಿಸಿದ ಆ ಚಿತ್ರದಲ್ಲಿ ವಿಷ್ಣುವರ್ಧನ್, ಗೀತಾ ಜೊತೆ ಅವರು ನಟಿಸಿದರು. ಅವರ ಅಭಿನಯ ಕಂಡ ಗೀತಾ ಅವರೇ ಮದ್ರಾಸಿನಲ್ಲಿ ನಿರ್ದೇಶಕ ಕೆ. ಬಾಲಚಂದರ್ ಅವರಿಗೆ ಪರಿಚಯ ಮಾಡಿಸಿದರು. ಸಿನಿಮಾ ಲೋಕದಲ್ಲಿ ಸಹ ಕಲಾವಿದರೊಬ್ಬರ ಒಂದು ಒಳ್ಳೆಯ ಮಾತು ಎಷ್ಟು ದೂರ ಒಯ್ಯುತ್ತದೆ ಎನ್ನುವುದಕ್ಕೆ ಇದು ಸಾಕ್ಷಿ.

'ರೈ' ಹೋಗಿ 'ರಾಜ್' ಬಂತು

ಬಾಲಚಂದರ್ ಅವರಿಗೆ ಕರ್ನಾಟಕದ ಕಲಾವಿದರೆಂದರೆ ಮೊದಲಿನಿಂದಲೂ ಒಲವು. ಬೆಂಗಳೂರಿನಲ್ಲಿ ಬಸ್ ಕಂಡಕ್ಟರ್ ಆಗಿದ್ದ ಶಿವಾಜಿರಾವ್ 1975ರಲ್ಲಿ ರಜನೀಕಾಂತ್ ಆದದ್ದು ಅವರ ಕೈಯಲ್ಲೇ. 1994ರ 'ಡುಯೆಟ್' ಚಿತ್ರಕ್ಕೆ ಪ್ರಕಾಶ್ ರೈ ಅವರನ್ನು ತೆಗೆದುಕೊಂಡಾಗ ಹೆಸರನ್ನು 'ಪ್ರಕಾಶ್ ರಾಜ್' ಎಂದು ಬದಲಿಸಿದರು.

ಆ ಚಿತ್ರದ ಬಗ್ಗೆ ರೇಡಿಯೋದವರಾದ ನಾವು ಒಂದು ಮಾತು ಹೇಳಲೇಬೇಕು. ಎ. ಆರ್. ರೆಹಮಾನ್ ಸಂಗೀತದ ಆ ಹಾಡುಗಳಲ್ಲಿ ಕೇಳಿಬರುವ ಸ್ಯಾಕ್ಸೋಫೋನ್ ನಮ್ಮ ಕದ್ರಿ ಗೋಪಾಲನಾಥ್ ಅವರದು. ಪರದೆಯ ಮೇಲೆ ರಮೇಶ್ ಅರವಿಂದ್ ಇದ್ದಾರೆ, ಎದುರು ಪ್ರಕಾಶ್ ರಾಜ್ ಇದ್ದಾರೆ. ತಮಿಳು ಚಿತ್ರ ಹೌದು, ಆದರೆ ಕನ್ನಡ ನಾಡಿನವರು ಮೂವರು!

ಮರುವರ್ಷ ಬಂದ 'ಆಸೈ' ಚಿತ್ರದಲ್ಲಿ ಹೆಂಡತಿಯ ತಂಗಿಯ ಮೇಲೆ ಕಣ್ಣಿಟ್ಟ ಭಾವನಾಗಿ ಅವರು ಕಾಣಿಸಿಕೊಂಡರು. ಮಾತು ನಯ, ಮನಸ್ಸು ವಿಷ. ಅಲ್ಲಿಯವರೆಗೆ ಖಳನಾಯಕ ಅಂದರೆ ಕೆಂಪು ಕಣ್ಣು, ಗಟ್ಟಿ ನಗು ಎಂದು ರೂಢಿಯಾಗಿದ್ದವರಿಗೆ ಈ ಮನೆಯೊಳಗಿನ ಖಳ ಹೊಸಬ. ನಾಟಕದ ತಾಲೀಮು ಇದ್ದವರಿಗೆ ಮಾತ್ರ ಬರುವ ತಣ್ಣನೆಯ ಅಭಿನಯ ಅದು.

1997: ಒಂದೇ ವರ್ಷ, ಎರಡು ಮುಖ

1997ನೇ ಇಸವಿಯನ್ನು ಅವರ ವೃತ್ತಿಯ ತಿರುವು ಎನ್ನಬಹುದು. ಆ ವರ್ಷ ಮಣಿರತ್ನಂ ಅವರ 'ಇರುವರ್' ಬಂತು. ತಮಿಳುನಾಡಿನ ರಾಜಕೀಯ ಮತ್ತು ಸಿನಿಮಾ ಬೆರೆತ ಕಥೆ. ಮೋಹನ್‌ಲಾಲ್ ಒಂದು ಕಡೆ, ಕವಿಯೂ ರಾಜಕಾರಣಿಯೂ ಆದ ತಮಿಳ್‌ಸೆಲ್ವನ್ ಆಗಿ ಪ್ರಕಾಶ್ ರಾಜ್ ಇನ್ನೊಂದು ಕಡೆ. ಎಂ. ಜಿ. ರಾಮಚಂದ್ರನ್ ಮತ್ತು ಕರುಣಾನಿಧಿಯವರ ಸ್ನೇಹ, ವಿರಸಗಳ ನೆರಳು ಆ ಕಥೆಯ ಮೇಲಿದೆ. ತಮಿಳು ಭಾಷೆಯ ಹೆಮ್ಮೆಯನ್ನೇ ಉಸಿರಾಡುವ ಆ ಪಾತ್ರ ಮನೆಯಲ್ಲಿ ತಮಿಳು ಆಡದ ಕನ್ನಡಿಗನ ಪಾಲಿಗೆ ಬಂತು. ಅದಕ್ಕೆ ಅತ್ಯುತ್ತಮ ಪೋಷಕ ನಟ ರಾಷ್ಟ್ರ ಪ್ರಶಸ್ತಿಯೂ ಬಂತು.

ಅದೇ ವರ್ಷ ಕನ್ನಡದಲ್ಲಿ ಟಿ. ಎಸ್. ನಾಗಾಭರಣ ಅವರ 'ನಾಗಮಂಡಲ' ಬಿಡುಗಡೆಯಾಯಿತು. ಗಿರೀಶ್ ಕಾರ್ನಾಡರ ನಾಟಕ, ಸಿ. ಅಶ್ವಥ್ ಸಂಗೀತ. ಹೆಂಡತಿಯನ್ನು ಮನೆಯಲ್ಲಿ ಕೂಡಿಹಾಕುವ ಗಂಡ ಅಪ್ಪಣ್ಣ ಒಂದು, ರಾತ್ರಿ ಅದೇ ಗಂಡನ ರೂಪದಲ್ಲಿ ಬಂದು ಪ್ರೀತಿಸುವ ನಾಗ ಇನ್ನೊಂದು. ಎರಡೂ ಅವರೇ. ಉಡುಗೆ, ಮೇಕಪ್‌ಗಳಲ್ಲಿ ದೊಡ್ಡ ವ್ಯತ್ಯಾಸ ಇಟ್ಟುಕೊಳ್ಳುವಂತಿಲ್ಲ, ಏಕೆಂದರೆ ಹೆಂಡತಿಗೆ ಇಬ್ಬರೂ ಒಬ್ಬನೇ ಅನ್ನಿಸಬೇಕು. ನೋಡುವ ನಮಗೆ ಮಾತ್ರ ಬೇರೆ ಎಂದು ಗೊತ್ತಾಗಬೇಕು. ಆ ಕೆಲಸವನ್ನು ನೋಟ, ನಡಿಗೆ, ಮಾತಿನ ಹದ ಇವುಗಳಿಂದಲೇ ಮಾಡಿದ್ದಾರೆ. ನೋಡದವರು ಒಮ್ಮೆ ನೋಡಿ.

ಹೈದರಾಬಾದಿನ ಬಾಗಿಲು

ಈಗ ನಮ್ಮ ಊರಿಗೆ ಬರೋಣ. 1998ರಲ್ಲಿ ಕೃಷ್ಣವಂಶಿ ನಿರ್ದೇಶನದ 'ಅಂತಃಪುರಂ' ಬಂತು. ರಾಯಲಸೀಮೆಯ ಬಣಗಳ ಹಗೆ, ಕೊಲೆಗೆ ಕೊಲೆ. ಹೊರದೇಶದಲ್ಲಿ ನೆಮ್ಮದಿಯಾಗಿದ್ದ ಹೆಣ್ಣುಮಗಳೊಬ್ಬಳು ಗಂಡನ ಜೊತೆ ಅವನ ಊರಿಗೆ ಬರುತ್ತಾಳೆ. ಅಲ್ಲಿ ಮಾವ ನರಸಿಂಹನ ಕೋಟೆಯಂಥ ಮನೆಯಲ್ಲಿ ಸಿಕ್ಕಿಬೀಳುತ್ತಾಳೆ. ಸೊಸೆ ನಮ್ಮ ಮುಳಬಾಗಿಲಿನ ಸೌಂದರ್ಯ. ಮಾವ ನಮ್ಮ ಪ್ರಕಾಶ್ ರೈ. ಅವಳ ಗಂಡನಾಗಿ ಸಾಯಿಕುಮಾರ್. ಇಡೀ ರಾಯಲಸೀಮೆಯ ಕಥೆಯನ್ನು ಎತ್ತಿ ನಿಲ್ಲಿಸಿದ ಇಬ್ಬರು ಕನ್ನಡ ನೆಲದವರು! ಮೊಮ್ಮಗನನ್ನೂ ತನ್ನ ಹಗೆಯ ದಾರಿಗೆ ಎಳೆಯಲು ಹೊರಟ ಅಜ್ಜನ ಆ ಪಾತ್ರ ಮಾಡಿದಾಗ ಪ್ರಕಾಶ್ ರಾಜ್ ಅವರ ವಯಸ್ಸು 33. ಅದಕ್ಕೆ ರಾಷ್ಟ್ರ ಪ್ರಶಸ್ತಿ ಸಮಿತಿಯ ವಿಶೇಷ ಮನ್ನಣೆ ದೊರೆಯಿತು. 2002ರಲ್ಲಿ ಈ ಕಥೆ ಹಿಂದಿಯಲ್ಲಿ 'ಶಕ್ತಿ' ಎಂಬ ಹೆಸರಿನಲ್ಲಿ ಬಂದಾಗ ಆ ಪಾತ್ರವನ್ನು ನಾನಾ ಪಾಟೇಕರ್ ಮಾಡಿದರು.

ಕನ್ನಡದಿಂದ ಹೀಗೆ ತೆಲುಗಿಗೆ ಬಂದವರಲ್ಲಿ ಇವರೇ ಮೊದಲಿಗರಲ್ಲ. ನಮ್ಮ ಟೈಗರ್ ಪ್ರಭಾಕರ್ 1980ರ ದಶಕದಲ್ಲಿ ತೆಲುಗಿನಲ್ಲಿ ಬೇಡಿಕೆಯ ಖಳನಟ. ಇಲ್ಲಿನವರು ಅವರನ್ನು ಕರೆಯುತ್ತಿದ್ದದ್ದೇ 'ಕನ್ನಡ ಪ್ರಭಾಕರ್' ಎಂದು. ಆ ಒಂದು ವಿಶೇಷಣದಲ್ಲಿ ಪ್ರೀತಿಯೂ ಇದೆ, 'ನೀವು ಹೊರಗಿನವರು' ಎಂಬ ಗುರುತೂ ಇದೆ. ಪ್ರಕಾಶ್ ರೈ ಅವರಿಗೆ ಅಂಥ ವಿಶೇಷಣ ಅಂಟಲಿಲ್ಲ. ಹೆಸರೇ ಬದಲಾಗಿತ್ತಲ್ಲ!

ಒಬ್ಬ ಖಳ, ಮೂವರು ನಾಯಕರು

ನಾಯಕ ನಟ ಒಂದು ಭಾಷೆಗೆ ಸೇರಿದವನು. ಅವನಿಗೆ ಅಭಿಮಾನಿ ಸಂಘ ಇರುತ್ತದೆ, ಕಟೌಟ್ ಇರುತ್ತದೆ. ಭಾಷೆ ಬದಲಾದರೆ ನಾಯಕನನ್ನು ಬದಲಿಸಬೇಕಾಗುತ್ತದೆ. ಪೋಷಕ ನಟನಿಗೆ ಆ ಕಟ್ಟು ಇಲ್ಲ. ಇದನ್ನು ತಿಳಿಯಲು 'ಒಕ್ಕಡು' ಚಿತ್ರಕ್ಕಿಂತ ಒಳ್ಳೆಯ ಉದಾಹರಣೆ ಸಿಗದು.

2003ರ ಸಂಕ್ರಾಂತಿಗೆ ಬಂದ ಗುಣಶೇಖರ್ ನಿರ್ದೇಶನದ ಈ ಚಿತ್ರವನ್ನು ನಮ್ಮ ಹೈದರಾಬಾದ್ ಕೇಳುಗರಿಗೆ ನೆನಪಿಸಬೇಕಿಲ್ಲ. ಅದಕ್ಕಾಗಿ ಚಾರ್‌ಮಿನಾರಿನ ದೊಡ್ಡ ಸೆಟ್ಟನ್ನೇ ಹಾಕಿದ್ದರು. ಹೈದರಾಬಾದಿನ ಕಬಡ್ಡಿ ಆಟಗಾರ ಕರ್ನೂಲಿಗೆ ಹೋಗುತ್ತಾನೆ. ಅಲ್ಲಿನ ಕೊಂಡಾರೆಡ್ಡಿ ಬುರುಜಿನ ಬಳಿ ಓಬುಲ್ ರೆಡ್ಡಿಯ ಕೈಯಿಂದ ಹುಡುಗಿಯೊಬ್ಬಳನ್ನು ಬಿಡಿಸಿಕೊಂಡು ಬರುತ್ತಾನೆ. ಆಟಗಾರ ಮಹೇಶ್ ಬಾಬು, ಓಬುಲ್ ರೆಡ್ಡಿ ಪ್ರಕಾಶ್ ರಾಜ್.

2004ರಲ್ಲಿ ಇದು ತಮಿಳಿನಲ್ಲಿ 'ಗಿಲ್ಲಿ' ಆಯಿತು. ನಾಯಕ ವಿಜಯ್. ಊರು ಚೆನ್ನೈ ಮತ್ತು ಮಧುರೈ. ಖಳ ಮುತ್ತುಪಾಂಡಿ ಯಾರು? ಅದೇ ಪ್ರಕಾಶ್ ರಾಜ್. 2006ರಲ್ಲಿ ಕನ್ನಡದಲ್ಲಿ 'ಅಜಯ್' ಆಯಿತು. ನಾಯಕ ನಮ್ಮ ಪುನೀತ್ ರಾಜ್‌ಕುಮಾರ್. ಖಳ? ಮತ್ತೆ ಅವರೇ. ನಾಯಕ ಬದಲಾದ, ನಾಯಕಿ ಬದಲಾದಳು, ಊರು ಬದಲಾಯಿತು, ಭಾಷೆ ಬದಲಾಯಿತು. ಬದಲಾಗದೆ ಉಳಿದದ್ದು ಎದುರಾಳಿ ಒಬ್ಬನೇ. 'ಗಿಲ್ಲಿ' 2024ರಲ್ಲಿ ಮರುಬಿಡುಗಡೆಯಾದಾಗ 20 ವರ್ಷದ ಹಳೆಯ ಚಿತ್ರಕ್ಕೆ ಥಿಯೇಟರುಗಳು ತುಂಬಿದವು. ಮುತ್ತುಪಾಂಡಿ ತೆರೆಗೆ ಬಂದಾಗಲೂ ಜನ ಶಿಳ್ಳೆ ಹೊಡೆದರು.

'ಪೋಕಿರಿ'ಯದೂ ಇದೇ ಕಥೆ. 2006ರ ತೆಲುಗಿನಲ್ಲಿ ಮಹೇಶ್ ಬಾಬು, 2007ರ ತಮಿಳಿನಲ್ಲಿ ವಿಜಯ್, 2009ರ ಹಿಂದಿಯ 'ವಾಂಟೆಡ್'ನಲ್ಲಿ ಸಲ್ಮಾನ್ ಖಾನ್. ಮೂರರಲ್ಲೂ ಎದುರಿಗೆ ನಿಂತ ಡಾನ್ ಪ್ರಕಾಶ್ ರಾಜ್.

ಇದರ ಹಿಂದೆ ಒಂದು ವ್ಯಾವಹಾರಿಕ ಕಾರಣವೂ ಇದೆ. ನಾಯಕ ಒಂದು ಚಿತ್ರಕ್ಕೆ ತಿಂಗಳುಗಟ್ಟಲೆ ಕಾಲ್‌ಶೀಟ್ ಕೊಡಬೇಕು. ಪೋಷಕ ನಟನ ಕೆಲಸ ಕೆಲವು ದಿನಗಳದ್ದು. ಅಪ್ಪನ ಪಾತ್ರದ ದೃಶ್ಯಗಳೆಲ್ಲ ಒಂದೇ ಮನೆಯ ಸೆಟ್ಟಿನಲ್ಲಿದ್ದರೆ ಅವನ್ನೆಲ್ಲ ಒಟ್ಟಿಗೆ ಮುಗಿಸಿಬಿಡುತ್ತಾರೆ. ಹೀಗಾಗಿ ಒಬ್ಬ ಬೇಡಿಕೆಯ ಪೋಷಕ ನಟ ಈ ವಾರ ರಾಮೋಜಿ ಫಿಲ್ಮ್ ಸಿಟಿಯಲ್ಲಿ, ಮುಂದಿನ ವಾರ ಚೆನ್ನೈಯಲ್ಲಿ, ಅದರ ಮುಂದಿನ ವಾರ ಮುಂಬೈಯಲ್ಲಿ ಇರಬಹುದು. ಇದರಲ್ಲಿ ಕಷ್ಟವೂ ಇದೆ. ಬೆಳಿಗ್ಗೆ ತೆಲುಗಿನಲ್ಲಿ ಅತ್ತು, ಸಂಜೆ ವಿಮಾನ ಹತ್ತಿ, ಮಾರನೆಯ ದಿನ ತಮಿಳಿನಲ್ಲಿ ಗದರಬೇಕು. ಯಾವುದೋ ಒಂದು ಚಿತ್ರದ ಶೂಟಿಂಗ್ ಒಂದು ದಿನ ಹಿಂದೆ ಮುಂದೆ ಆದರೆ ಇಡೀ ಡೈರಿ ಏರುಪೇರು.

ದನಿ ಯಾರದು?

ಇಷ್ಟು ಭಾಷೆಗಳಲ್ಲಿ ನಟಿಸುವವರು ಇನ್ನೂ ಇದ್ದಾರೆ. ಪ್ರಕಾಶ್ ರೈ ಅವರನ್ನು ಬೇರೆಯಾಗಿ ನಿಲ್ಲಿಸುವುದು ಅವರ ದನಿ. ರೇಡಿಯೋ ಕೇಳುಗರಿಗೆ ಇದು ವಿಶೇಷವಾಗಿ ಹಿಡಿಸಬೇಕಾದ ವಿಷಯ.

ನಮ್ಮ ದಕ್ಷಿಣದ ಸಿನಿಮಾಗಳಲ್ಲಿ ಹೆಚ್ಚಿನವುಗಳ ಮಾತು ಶೂಟಿಂಗ್ ಸಮಯದ್ದಲ್ಲ. ಶೂಟಿಂಗ್ ಮುಗಿದ ಮೇಲೆ ಡಬ್ಬಿಂಗ್ ಥಿಯೇಟರಿನಲ್ಲಿ ಕುಳಿತು, ಪರದೆಯ ಮೇಲಿನ ತುಟಿ ಚಲನೆ ನೋಡುತ್ತಾ ಒಂದೊಂದೇ ಮಾತನ್ನು ಮತ್ತೆ ಆಡುತ್ತಾರೆ. ಇದರಿಂದ ಒಂದು ಅನುಕೂಲ: ಭಾಷೆ ಬಾರದವರೂ ನಟಿಸಬಹುದು, ಮಾತನ್ನು ಇನ್ನೊಬ್ಬರು ಆಡುತ್ತಾರೆ. ತೆಲುಗಿನ ಎಷ್ಟೋ ಖಳನಾಯಕರ ಮುಖ ಮುಂಬೈಯದು, ದನಿ ಹೈದರಾಬಾದಿನದು.

ಆದರೆ ಪಾತ್ರದ ಅರ್ಧ ಜೀವ ಇರುವುದು ದನಿಯಲ್ಲಿ. ಅಪ್ಪ ಮಗನನ್ನು "ಬಾರೋ" ಎಂದು ಕರೆಯುವಾಗ ಅದರಲ್ಲಿ ಸಿಟ್ಟು ಎಷ್ಟು, ಮಮತೆ ಎಷ್ಟು ಎಂದು ತೂಗಿ ಆಡಬೇಕು. ಅದನ್ನು ಬೇರೆಯವರಿಗೆ ಬಿಟ್ಟುಕೊಟ್ಟರೆ ಅಭಿನಯ ಅರ್ಧ ಬಿಟ್ಟುಕೊಟ್ಟ ಹಾಗೆ. ಪ್ರಕಾಶ್ ರೈ ಕನ್ನಡ, ತಮಿಳು, ತೆಲುಗು, ಮಲಯಾಳಂ, ಹಿಂದಿ ಐದರಲ್ಲೂ ತಮ್ಮ ದನಿಯಲ್ಲೇ ಮಾತಾಡುವ ನಟರೆಂದು ಹೆಸರಾದದ್ದು ಇದಕ್ಕಾಗಿ.

ಇದು ಸುಲಭವೇ? ನಾವು ಇಲ್ಲಿದ್ದುಕೊಂಡು ತೆಲುಗು ಕಲಿತವರಲ್ಲವೇ, ನಮಗೆ ಗೊತ್ತು. ಲಿಪಿ ಒಂದೇ ಥರ, ಶಬ್ದಗಳೂ ಹತ್ತಿರ. ನಮ್ಮ ಹಾಲು ಅಲ್ಲಿ ಪಾಲು, ನಮ್ಮ ಹುಲಿ ಅಲ್ಲಿ ಪುಲಿ. ಆದರೆ 'ಸಾಕು' ಎನ್ನಲು ತೆಲುಗಿನವರು ಹೇಳುವ 'ಚಾಲು' ಶಬ್ದದ ಮೊದಲ ಅಕ್ಷರ ನಮ್ಮ 'ಚ' ಅಲ್ಲ. ಅದು 'ಚ' ಮತ್ತು 'ಸ'ದ ನಡುವೆ ಎಲ್ಲೋ ಇದೆ. ತರಕಾರಿ ಅಂಗಡಿಯಲ್ಲಿ ನಾವು ಬಾಯಿ ಬಿಟ್ಟ ಕೂಡಲೇ "ಮೀರು ಕನ್ನಡವಾಳ್ಳಾ?" ಎಂದು ಕೇಳುವುದು ಇಂಥ ಅಕ್ಷರಗಳಿಂದಲೇ. ಅದರ ಮೇಲೆ ಕರ್ನೂಲಿನ ತೆಲುಗು ಬೇರೆ, ಗೋದಾವರಿ ಜಿಲ್ಲೆಗಳ ತೆಲುಗು ಬೇರೆ, ತೆಲಂಗಾಣದ ತೆಲುಗು ಬೇರೆ. ಓಬುಲ್ ರೆಡ್ಡಿ ಕರ್ನೂಲಿನವನಂತೆ ಕೇಳಿಸಬೇಕು. ತಪ್ಪಿದರೆ ಇಡೀ ಥಿಯೇಟರ್ ನಗುತ್ತದೆ.

ಇದೇ ದಾರಿಯಲ್ಲಿ ಎದುರು ದಿಕ್ಕಿನಿಂದ ಬಂದವರನ್ನೂ ನೆನೆಯಬೇಕು. ಸಾಯಿಕುಮಾರ್ ತೆಲುಗಿನಲ್ಲಿ ನಾಯಕ ರಾಜಶೇಖರ್ ಅವರಿಗೆ ದನಿ ಕೊಡುತ್ತಿದ್ದವರು. 1996ರ 'ಪೊಲೀಸ್ ಸ್ಟೋರಿ'ಯಿಂದ ಕನ್ನಡದಲ್ಲಿ ಅವರೇ ನಾಯಕರಾದರು. ಅವರ ತಮ್ಮ ರವಿಶಂಕರ್ ಕೂಡ ಡಬ್ಬಿಂಗ್ ಕಲಾವಿದರು. 2009ರ 'ಅರುಂಧತಿ'ಯಲ್ಲಿ ಸೋನು ಸೂದ್ ಅವರ ಪಾತ್ರಕ್ಕೆ ಕೊಟ್ಟ ದನಿಯಿಂದ 'ಬೊಮ್ಮಾಳಿ ರವಿಶಂಕರ್' ಎಂದೇ ಹೆಸರಾದರು. ತಮಾಷೆ ನೋಡಿ: 2010ರ ತಮಿಳಿನ 'ಸಿಂಗಂ'ನಲ್ಲಿ ಮತ್ತು 2011ರ ಹಿಂದಿಯ 'ಸಿಂಘಂ'ನಲ್ಲಿ ಪ್ರಕಾಶ್ ರಾಜ್ ಮಾಡಿದ ಖಳನ ಪಾತ್ರ ಕನ್ನಡದಲ್ಲಿ 'ಕೆಂಪೇಗೌಡ' ಆಗಿ ಬಂದಾಗ, ಆ ಪಾತ್ರ ಸಿಕ್ಕಿದ್ದು ಇದೇ ರವಿಶಂಕರ್ ಅವರಿಗೆ. ಸುದೀಪ್ ಎದುರು ಅವರ ಆರ್ಮುಗಂ ಎಷ್ಟು ಗೆದ್ದಿತೆಂಬುದು ನಿಮಗೇ ಗೊತ್ತು. ಕನ್ನಡದ ನಟ ತೆಲುಗಿಗೆ ದನಿಯಾದರು, ತೆಲುಗಿನ ದನಿ ಕನ್ನಡಕ್ಕೆ ನಟನಾಯಿತು.

ಖಳನಿಂದ ಅಪ್ಪನವರೆಗೆ

ಪೋಷಕ ನಟನಿಗೆ ದೊಡ್ಡ ಅಪಾಯ ಒಂದೇ ಅಚ್ಚಿನಲ್ಲಿ ಸಿಕ್ಕಿಬೀಳುವುದು. ಒಮ್ಮೆ ಖಳನಾಗಿ ಗೆದ್ದರೆ ನಿರ್ಮಾಪಕರು ಮತ್ತೆ ಮತ್ತೆ ಅದಕ್ಕೇ ಕರೆಯುತ್ತಾರೆ. ಇದರಿಂದ ತಪ್ಪಿಸಿಕೊಳ್ಳಲು ಪ್ರಕಾಶ್ ರೈ ಹಿಡಿದದ್ದು ಅಪ್ಪನ ಪಾತ್ರಗಳನ್ನು. 2001ರ 'ನುವ್ವು ನಾಕು ನಚ್ಚಾವ್' ಹಾಗೂ 2002ರ 'ನುವ್ವೇ ನುವ್ವೇ' ಎರಡರಲ್ಲೂ ಅವರು ನಾಯಕಿಯ ತಂದೆ. 2006ರ 'ಬೊಮ್ಮರಿಲ್ಲು' ಅವರನ್ನು ಪ್ರತಿ ಮನೆಯ ಅಪ್ಪನನ್ನಾಗಿ ಮಾಡಿತು. ಮಗನ ಶರ್ಟಿನಿಂದ ಹಿಡಿದು ಮದುವೆಯವರೆಗೆ ಎಲ್ಲವನ್ನೂ ತಾನೇ ಆರಿಸುವ ತಂದೆ. ಕೆಟ್ಟವನಲ್ಲ, ಪ್ರೀತಿ ಇಲ್ಲದವನೂ ಅಲ್ಲ. ಪ್ರೀತಿಯೇ ಹಗ್ಗವಾಗಿದೆ, ಅಷ್ಟೆ. ಸಿನಿಮಾ ನೋಡಿ ಮನೆಗೆ ಬಂದು ಅಪ್ಪನ ಮುಖ ನೋಡಿದ ಹುಡುಗರು ಎಷ್ಟು ಜನವೋ, ಮಗನ ಮುಖ ನೋಡಿದ ಅಪ್ಪಂದಿರು ಎಷ್ಟು ಜನವೋ.

ಇಲ್ಲೊಂದು ಲೆಕ್ಕ ಕೇಳಿ. 2013ರ 'ಸೀತಮ್ಮ ವಾಕಿಟ್ಲೋ ಸಿರಿಮಲ್ಲೆ ಚೆಟ್ಟು' ಚಿತ್ರದಲ್ಲಿ ಅವರು ವೆಂಕಟೇಶ್ ಮತ್ತು ಮಹೇಶ್ ಬಾಬು ಇಬ್ಬರಿಗೂ ತಂದೆ. ವೆಂಕಟೇಶ್ ಹುಟ್ಟಿದ್ದು 1960ರಲ್ಲಿ, ಪ್ರಕಾಶ್ ರಾಜ್ ಹುಟ್ಟಿದ್ದು 1965ರಲ್ಲಿ. ಮಗನಿಗಿಂತ ಅಪ್ಪನೇ ನಾಲ್ಕು ವರ್ಷಕ್ಕೂ ಹೆಚ್ಚು ಚಿಕ್ಕವ! ಮಹೇಶ್ ಬಾಬು ಜೊತೆ ಹತ್ತು ವರ್ಷದ ಹಿಂದೆ ಒಬ್ಬಳೇ ಹುಡುಗಿಗಾಗಿ ಹೊಡೆದಾಡಿದ್ದವರು ಈಗ ಅವರ ತಂದೆ. ಆದರೂ ಚಿತ್ರ ನೋಡುವಾಗ ಯಾರಿಗೂ ಅನುಮಾನ ಬರಲಿಲ್ಲ. ನಾಯಕನ ವಯಸ್ಸನ್ನು ಸಿನಿಮಾ ಬಚ್ಚಿಡುತ್ತದೆ. ಪೋಷಕ ನಟನ ವಯಸ್ಸನ್ನು ಬೇಕಾದ ಹಾಗೆ ಹಿಗ್ಗಿಸುತ್ತದೆ.

2008ರ ತಮಿಳಿನ 'ಅಭಿಯುಂ ನಾನುಂ' ಮಗಳನ್ನು ಬಿಟ್ಟುಕೊಡಲಾಗದ ತಂದೆಯ ಕಥೆ. ತೆಲುಗಿನಲ್ಲಿ ಅದು 'ಆಕಾಶಮಂತ' ಆಯಿತು. ಅದನ್ನೇ 2010ರಲ್ಲಿ ಅಮೂಲ್ಯ ಜೊತೆ 'ನಾನು ನನ್ನ ಕನಸು' ಎಂದು ಕನ್ನಡಕ್ಕೆ ತಂದು, ನಿರ್ದೇಶಕರೂ ಆದರು. ಮೊದಲ ನಿರ್ದೇಶನಕ್ಕೆ ಅವರು ಆರಿಸಿಕೊಂಡದ್ದು ಕನ್ನಡವನ್ನು ಎಂಬುದನ್ನು ಗಮನಿಸಬೇಕು.

ಗಳಿಸಿದ್ದು ಎಲ್ಲಿ, ಖರ್ಚು ಮಾಡಿದ್ದು ಎಲ್ಲಿ

ಪ್ರಿಯದರ್ಶನ್ ನಿರ್ದೇಶನದ 'ಕಾಂಚೀವರಂ' ಅವರಿಗೆ ಅತ್ಯುತ್ತಮ ನಟ ರಾಷ್ಟ್ರ ಪ್ರಶಸ್ತಿ ತಂದಿತು. ಸ್ವಾತಂತ್ರ್ಯಕ್ಕೆ ಮುಂಚಿನ ಕಾಲದ ಬಡ ನೇಕಾರನೊಬ್ಬ ಮಗಳ ಮದುವೆಗೆ ರೇಷ್ಮೆ ಸೀರೆ ಉಡಿಸುತ್ತೇನೆ ಎಂದು ಮಾತು ಕೊಡುತ್ತಾನೆ. ದಿನವೂ ರೇಷ್ಮೆ ನೇಯುವ ಅವನಿಗೆ ಒಂದು ಸೀರೆ ಕೊಳ್ಳುವ ಶಕ್ತಿ ಇಲ್ಲ. ಕೊನೆಗೆ ಕದ್ದ ಎಳೆಗಳಿಂದ ನೇಯಲು ಹೊರಡುತ್ತಾನೆ. ಇಲ್ಲಿ ಪಂಚು ಮಾತು ಇಲ್ಲ, ಎದುರಿಗೆ ನಾಯಕ ಇಲ್ಲ. ಪೋಷಕ ನಟನೊಬ್ಬ ಇಡೀ ಚಿತ್ರವನ್ನು ಹೊತ್ತು ನಡೆಯಬಲ್ಲ ಎಂದು ಅದು ತೋರಿಸಿತು.

ದೊಡ್ಡ ಚಿತ್ರಗಳ ಸಂಪಾದನೆ ಸಣ್ಣ ಚಿತ್ರಗಳಿಗೆ ಆಸರೆಯಾಗುವುದನ್ನೂ ಇವರ ವೃತ್ತಿಯಲ್ಲಿ ಕಾಣಬಹುದು. ನಾಗತಿಹಳ್ಳಿ ಚಂದ್ರಶೇಖರ್ ಅವರ ಕಥೆ ಆಧರಿಸಿ ಬಿ. ಸುರೇಶ ನಿರ್ದೇಶಿಸಿದ 'ಪುಟ್ಟಕ್ಕನ ಹೈವೇ' 2011ರಲ್ಲಿ ಬಂತು. ಹೆದ್ದಾರಿಗಾಗಿ ಭೂಮಿ ಕಳೆದುಕೊಳ್ಳುವ ಹೆಣ್ಣುಮಗಳ ಕಥೆ. ಶ್ರುತಿ ಅವರದು ಮುಖ್ಯ ಪಾತ್ರ. ಪ್ರಕಾಶ್ ರೈ ನಟರೂ ಹೌದು, ನಿರ್ಮಾಣದಲ್ಲಿ ಪಾಲುದಾರರೂ ಹೌದು. ಆ ಚಿತ್ರಕ್ಕೆ ಅತ್ಯುತ್ತಮ ಕನ್ನಡ ಚಿತ್ರ ರಾಷ್ಟ್ರ ಪ್ರಶಸ್ತಿ ಬಂತು.

2014ರಲ್ಲಿ ಮಲಯಾಳಂನ 'ಸಾಲ್ಟ್ ಆಂಡ್ ಪೆಪ್ಪರ್' ಕಥೆಯನ್ನು ಮೂರು ಭಾಷೆಗಳಲ್ಲಿ ಒಟ್ಟಿಗೆ ಮಾಡಿದರು. ಕನ್ನಡದಲ್ಲಿ ಹೆಸರು 'ಒಗ್ಗರಣೆ', ತೆಲುಗಿನಲ್ಲಿ 'ಉಲವಚಾರು ಬಿರ್ಯಾನಿ'. ಉಲವಚಾರು ಅಂದರೆ ಬೇರೇನಲ್ಲ, ನಮ್ಮ ಹುರುಳಿ ಕಟ್ಟಿನ ಸಾರಿನ ನೆಂಟ. ಒಂದೇ ಅಡುಗೆಗೆ ಎರಡು ಮನೆಯಲ್ಲಿ ಎರಡು ಹೆಸರು, ರೈ ಮತ್ತು ರಾಜ್ ಇದ್ದ ಹಾಗೆ.

2015ರಲ್ಲಿ ಅವರು ಆಗಿನ ಮಹಬೂಬ್‌ನಗರ ಜಿಲ್ಲೆಯ ಕೊಂಡಾರೆಡ್ಡಿಪಲ್ಲಿ ಗ್ರಾಮವನ್ನು ದತ್ತು ತೆಗೆದುಕೊಂಡರು. ಅನ್ನ ಕೊಟ್ಟ ನೆಲಕ್ಕೆ ಏನಾದರೂ ಮಾಡಬೇಕು ಎಂಬುದು ಇಲ್ಲಿ ನೆಲೆಸಿದ ಎಷ್ಟೋ ಕನ್ನಡಿಗರಿಗೆ ಇರುವ ಆಸೆಯೇ.

ಒಳಗಿನವರು, ಹೊರಗಿನವರು

ಈಗ ಸ್ವಲ್ಪ ಕಹಿ ವಿಷಯ. 2021ರಲ್ಲಿ ತೆಲುಗು ಕಲಾವಿದರ ಸಂಘವಾದ 'ಮಾ', ಅಂದರೆ ಮೂವೀ ಆರ್ಟಿಸ್ಟ್ಸ್ ಅಸೋಸಿಯೇಷನ್ನಿನ ಅಧ್ಯಕ್ಷ ಸ್ಥಾನಕ್ಕೆ ಪ್ರಕಾಶ್ ರಾಜ್ ನಿಂತರು. ಎದುರು ಮಂಚು ವಿಷ್ಣು. ಪ್ರಚಾರದಲ್ಲಿ ದೊಡ್ಡ ಚರ್ಚೆಯಾದದ್ದು 'ಲೋಕಲ್, ನಾನ್‌ಲೋಕಲ್' ಎಂಬ ಮಾತು. ತೆಲುಗು ಕಲಾವಿದರ ಸಂಘಕ್ಕೆ ತೆಲುಗಿನವರೇ ಮುಂದಾಳಾಗಬೇಕು ಎಂದು ಒಂದು ಕಡೆಯವರು ಹೇಳಿದರು. ಕಲೆಗೆ ಊರಿನ ಗಡಿ ಏಕೆ, ಇಷ್ಟು ವರ್ಷ ಇಲ್ಲೇ ದುಡಿದವರು ಹೊರಗಿನವರು ಹೇಗಾಗುತ್ತಾರೆ ಎಂದು ಇನ್ನೊಂದು ಕಡೆಯವರು ಕೇಳಿದರು. ಅಕ್ಟೋಬರ್ 10ರ ಮತದಾನದಲ್ಲಿ ವಿಷ್ಣು ಗೆದ್ದರು. ಮಾರನೆಯ ದಿನ ಪ್ರಕಾಶ್ ರಾಜ್ ಸಂಘದ ಸದಸ್ಯತ್ವಕ್ಕೆ ರಾಜೀನಾಮೆ ಘೋಷಿಸಿದರು. ತಾವು ಇಲ್ಲಿ ಅತಿಥಿಯಾಗಿಯೇ ಇರುತ್ತೇವೆ ಎಂಬುದು ಅವರ ಮಾತಿನ ಸಾರ.

ಚುನಾವಣೆ ಅಂದ ಮೇಲೆ ಸೋಲು ಗೆಲುವು ಇದ್ದದ್ದೇ. ಸೋಲಿಗೆ ಕಾರಣ ಒಂದೇ ಎಂದು ಹೇಳುವುದೂ ಸರಿಯಲ್ಲ. 2019ರಲ್ಲಿ ಅವರು ಹುಟ್ಟೂರಿನಲ್ಲೇ, ಬೆಂಗಳೂರು ಸೆಂಟ್ರಲ್ ಲೋಕಸಭಾ ಕ್ಷೇತ್ರದಿಂದ ಪಕ್ಷೇತರರಾಗಿ ನಿಂತು ಸೋತಿದ್ದರು. ಅಲ್ಲಿ ಯಾವ 'ನಾನ್‌ಲೋಕಲ್' ಮಾತೂ ಬರುವಂತಿರಲಿಲ್ಲ. ಅವರ ರಾಜಕೀಯ ವಿಚಾರಗಳನ್ನು ಒಪ್ಪುವವರೂ ಇದ್ದಾರೆ, ಒಪ್ಪದವರೂ ಇದ್ದಾರೆ. ನಮ್ಮ ಮಾತು ಅದರ ಬಗ್ಗೆ ಅಲ್ಲ.

ಆದರೆ ಆ ವಾರ ನಮ್ಮ ಕನ್ನಡದ ಮನೆಗಳಲ್ಲಿ ಈ ವಿಷಯ ಸುಮ್ಮನೆ ಸಿನಿಮಾ ಸುದ್ದಿಯಾಗಿ ಉಳಿಯಲಿಲ್ಲ. ಏಕೆಂದರೆ ಈ ಪ್ರಶ್ನೆ ನಮ್ಮದೂ ಹೌದು. ಕಾಚಿಗುಡದಲ್ಲಿ ಕರ್ನಾಟಕ ಸಾಹಿತ್ಯ ಮಂದಿರ ಕಟ್ಟಿದವರು, ಮಕ್ಕಳಿಗೆ ಕನ್ನಡ ಕಲಿಸಿದವರು, ನಿಜಾಮರ ಕಾಲದಿಂದ ಇಲ್ಲೇ ಇರುವವರು, ಮೊನ್ನೆ ಮೊನ್ನೆ ಐ.ಟಿ. ಕೆಲಸಕ್ಕೆ ಬಂದವರು ಎಲ್ಲರೂ ಒಮ್ಮೆಯಾದರೂ ಕೇಳಿಕೊಂಡಿರುತ್ತಾರೆ: ಎಷ್ಟು ವರ್ಷ ಇದ್ದರೆ ನಾವು ಇಲ್ಲಿಯವರು? ಭಾಷೆ ಎಷ್ಟು ಚೆನ್ನಾಗಿ ಬಂದರೆ ಸಾಕು? ಊರಿಗೆ ಹೋದರೆ "ಏನು, ಹೈದರಾಬಾದಿನವರು ಬಂದರು" ಅನ್ನುತ್ತಾರೆ. ಇಲ್ಲಿ "ಮೀರು ಕನ್ನಡವಾಳ್ಳಾ?" ಅನ್ನುತ್ತಾರೆ.

ಪೋಷಕ ನಟನ ವೃತ್ತಿ ಇದಕ್ಕೆ ಒಂದು ಉತ್ತರ ಕೊಡುತ್ತದೆ ಅನ್ನಿಸುತ್ತದೆ. ಮುಂದಿನ ಸಾಲು ಸಿಗಲಿ ಬಿಡಲಿ, ಕಥೆಗೆ ನಾವು ಬೇಕೇ ಬೇಕು ಎನ್ನುವಷ್ಟು ಚೆನ್ನಾಗಿ ಕೆಲಸ ಮಾಡುವುದು. ಚುನಾವಣೆಯ ನಂತರವೂ ಪ್ರಕಾಶ್ ರಾಜ್ ತೆಲುಗಿನಲ್ಲಿ ನಟಿಸುತ್ತಲೇ ಹೋದರು. ಅವರು ಹೊರಗಿನವರು ಎಂದವರ ಮನೆಯ ಟಿ.ವಿ.ಯಲ್ಲೂ 'ಬೊಮ್ಮರಿಲ್ಲು' ಬರುತ್ತದೆ, ಅವರೂ ಕಣ್ಣೊರೆಸಿಕೊಳ್ಳುತ್ತಾರೆ.

ಕೊನೆಗೊಂದು ಮಾತು

2018ರ 'ಕೆ.ಜಿ.ಎಫ್.' ಮೊದಲ ಭಾಗದಲ್ಲಿ ಕಥೆ ಹೇಳಿದ್ದು ಅನಂತ್ ನಾಗ್. 2022ರ ಎರಡನೆಯ ಭಾಗದಲ್ಲಿ ಆ ಕೆಲಸ ಪ್ರಕಾಶ್ ರೈ ಅವರ ಪಾಲಿಗೆ ಬಂತು. ಕನ್ನಡದಲ್ಲಿ ತಯಾರಾದ ಚಿತ್ರ, ಹೈದರಾಬಾದಿನ ಥಿಯೇಟರುಗಳನ್ನೂ ತುಂಬಿತು. ಕಲಾಕ್ಷೇತ್ರದ ಹುಡುಗನ ದನಿ ಸುತ್ತಿ ಬಳಸಿ ಕನ್ನಡದ ಕಥೆಯನ್ನೇ ಹೇಳುತ್ತಿತ್ತು.

ಮುಂದಿನ ಭಾನುವಾರ ಅವರ ಯಾವುದಾದರೂ ಚಿತ್ರ ಬಂದರೆ ಒಂದು ಕೆಲಸ ಮಾಡಿ. ಐದು ನಿಮಿಷ ಕಣ್ಣು ಮುಚ್ಚಿ, ರೇಡಿಯೋ ಕೇಳುವ ಹಾಗೆ ಕೇಳಿ. ಮಾತು ತೆಲುಗೇ ಇರಲಿ, ಅದರ ಅಡಿಯಲ್ಲಿ ನಮ್ಮ ಕಡೆಯ ಒಂದು ಏರಿಳಿತ ಕಿವಿಗೆ ಬೀಳುತ್ತದೆಯೇ ನೋಡಿ. ಬಿದ್ದರೆ ಫೋನ್ ಮಾಡಿ ನಮಗೂ ತಿಳಿಸಿ. ಅಜ್ಜಿಯರಿದ್ದರೆ ಅವರನ್ನೂ ಲೈನಿಗೆ ಕರೆಯಿರಿ. ರೈ ಸರಿಯೋ, ರಾಜ್ ಸರಿಯೋ ಎಂಬ ಜಗಳ ನಮ್ಮ ಕಾರ್ಯಕ್ರಮದಲ್ಲೇ ಮುಂದುವರಿಯಲಿ.

ಮತ್ತೆ ಸಿಗೋಣ. ಕೇಳುತ್ತಿರಿ, ಕನ್ನಡ ಆಡುತ್ತಿರಿ.